ಕೊನೆಯ ಸಾಲು ಕೇಳಲು ಹೋದದ್ದು

ರಸೆಲ್ ಮಾರ್ಕೆಟ್ಟಿನ ಹಿಂದೆ

ಫ್ರಾನ್ಸಿಗೆ ಹೋಗಿ ಬಂದೆ ಎಂದರೆ ಜನ ಮೊದಲು ಕೇಳುವುದು ಐಫೆಲ್ ಗೋಪುರ ನೋಡಿದೆಯಾ ಎಂದು. ನೋಡಲಿಲ್ಲ. ಆಮೇಲೆ ಕೇಳುವುದು ಊಟಕ್ಕೆ ಏನು ಮಾಡಿದೆ ಎಂದು. ಅದನ್ನು ಮುಂದೆ ಹೇಳುತ್ತೇನೆ. ನಾನು ಹೋದದ್ದು ಒಂದು ಹಾಡಿನ ಕೊನೆಯ ಸಾಲು ಕೇಳಿಕೊಂಡು ಬರಲು, ಅದೂ ಮನಸ್ಸಿಲ್ಲದ ಮನಸ್ಸಿನಿಂದ. ಬಾಯಲ್ಲಿ ಹೇಳಿದರೆ ಯಾರೂ ನಂಬುತ್ತಿಲ್ಲವಾದ್ದರಿಂದ ಬರೆದೇ ಬಿಡುತ್ತೇನೆ.

ನಾನು ಮದುವೆ ಬ್ಯಾಂಡಿನಲ್ಲಿ ಕ್ಲಾರಿನೆಟ್ ನುಡಿಸುವವನು, ಹೆಸರು ಶರಣಪ್ಪ. ನಮ್ಮಪ್ಪ ಕಲಬುರ್ಗಿ ಕಡೆಯಿಂದ ಗಾರೆ ಕೆಲಸಕ್ಕೆ ಬಂದು ಹಲಸೂರಿನಲ್ಲಿ ಒಂದು ಕೋಣೆ ಬಾಡಿಗೆಗೆ ಹಿಡಿದವರು. ನನಗೆ ಸಿಮೆಂಟು ಒಗ್ಗಲಿಲ್ಲ, ಊದುವುದು ಒಗ್ಗಿತು. ಕಲಿಸಿದವರು ಶಿವಾಜಿನಗರದ ಮೆಹಬೂಬ್ ಉಸ್ತಾದರು. ರಸೆಲ್ ಮಾರ್ಕೆಟ್ಟಿನ ಹಿಂದಿನ ಗಲ್ಲಿಯಲ್ಲಿ ಅವರ ಮನೆ. ಮುಂದಿನ ಕೋಣೆಯಲ್ಲಿ ಬ್ಯಾಂಡಿನ ಡ್ರಮ್ಮು, ಕೆಂಪು ಕೋಟುಗಳು. ಹಿಂದಿನ ಕೋಣೆಯಲ್ಲಿ ಸಂಸಾರ. ಸಂಸಾರ ಎಂದರೆ, ಹೆಂಡತಿ ತೀರಿಕೊಂಡ ಮೇಲೆ, ಉಸ್ತಾದರು ಮತ್ತು ಮಗಳು ನಸ್ರೀನ್ ಇಬ್ಬರೇ.

ನಮ್ಮ ಬ್ಯಾಂಡಿಗೇ ಸ್ವಂತವಾದ ಒಂದು ಹಾಡಿದೆ. ಶಿವಾಜಿನಗರದಿಂದ ಟಿನ್ ಫ್ಯಾಕ್ಟರಿ ತನಕ ಮದುವೆಯಾದ ಬಹಳ ಜನರಿಗೆ ಅದು ಗೊತ್ತು, ಎಲ್ಲಿಯದು ಎನ್ನುವುದು ಮಾತ್ರ ಗೊತ್ತಿಲ್ಲ. ಹಿಂದಿ ಸಿನಿಮಾದ್ದು ಎಂದು ಕೆಲವರು, ತಮಿಳಿನದು ಎಂದು ಕೆಲವರು ಪಂಥ ಕಟ್ಟುತ್ತಾರೆ. ಅದು ಫ್ರೆಂಚ್ ಸಿನಿಮಾದ್ದು. ತೊಂಬತ್ತರ ದಶಕದ ಶುರುವಿನಲ್ಲಿ ಕಂಟೋನ್ಮೆಂಟಿನ ಒಂದು ಫಿಲ್ಮ್ ಕ್ಲಬ್ಬಿನವರು ತಮ್ಮ ಸಮಾರಂಭದ ಗೇಟಿನಲ್ಲಿ ಬಾರಿಸಲು ಉಸ್ತಾದರನ್ನು ಕರೆದಿದ್ದರು. ಬಾರಿಸಿಯಾದ ಮೇಲೆ, ಬನ್ನಿ, ಸಿನಿಮಾನೂ ನೋಡಿ ಎಂದು ಒಳಗೆ ಕೂರಿಸಿದರು. ಸಿನಿಮಾದಲ್ಲಿ ಒಂದು ಹೋಟೆಲು, ಅದರ ಬಾಗಿಲಲ್ಲಿ ಹಿತ್ತಾಳೆ ಗುಂಡಿಯ ಕೋಟು ತೊಟ್ಟ ಒಬ್ಬ ದರವಾನ. ಒಬ್ಬ ಹೆಂಗಸು ಪೆಟ್ಟಿಗೆ ಹಿಡಿದು ಹೋಟೆಲು ಬಿಟ್ಟು ಹೊರಡುತ್ತಾಳೆ. ದರವಾನ ಬಾಗಿಲು ಹಿಡಿದುಕೊಂಡು ಒಂದು ಹಾಡು ಗುನುಗುತ್ತಾನೆ. ಹಾಡು ಇನ್ನೇನು ಮುಗಿಯಬೇಕು, ಕರೆಂಟ್ ಹೋಯಿತು. ವಾಪಸು ಬರುವಷ್ಟರಲ್ಲಿ ಜನ ಎದ್ದು ಹೋಗಿದ್ದರು. ಕ್ಲಬ್ಬಿನ ಒಬ್ಬ ಹೆಂಗಸು ಹೇಳಿದ್ದು ಇಷ್ಟೇ: ದರವಾನನ ಪಾತ್ರ ಮಾಡಿದವನೂ ಹಾಡು ಕಟ್ಟಿದವನೂ ಒಬ್ಬನೇ, ಹೆಸರು ಆರ್ಸೆನ್ ವೊದ್ರೆಲ್.

ಉಸ್ತಾದರ ಕಿವಿ ಒಮ್ಮೆ ಹಿಡಿದದ್ದನ್ನು ಬಿಡುವ ಕಿವಿಯಲ್ಲ. ಮುಂದಿನ ವಾರವೇ ಫ್ರೇಜರ್ ಟೌನಿನ ಒಂದು ಮದುವೆಯಲ್ಲಿ, ಮದುಮಗಳನ್ನು ಗಂಡನ ಮನೆ ತುಂಬಿಸುವಾಗ ಆ ಹಾಡು ಎತ್ತಿದರು. ಗೊತ್ತಿದ್ದಷ್ಟು ಮುಗಿಯುವುದಕ್ಕೂ ಮೆರವಣಿಗೆ ಹೊಸ್ತಿಲಿಗೆ ಬರುವುದಕ್ಕೂ ಸರಿಯಾಯಿತು. ಮುಂದೇನೆಂದು ಗೊತ್ತಿಲ್ಲ. ನಾದಿನಿಯರು ಬಾಗಿಲು ಅಡ್ಡಗಟ್ಟಿ ಹುಡುಗಾಟ ಮಾಡುತ್ತಿದ್ದಾರೆ, ಉಸ್ತಾದರು ತಮ್ಮ ಹಿತ್ತಾಳೆ ತುತ್ತೂರಿ, ಕಾರ್ನೆಟ್, ಹಿಡಿದು ಬೆವರುತ್ತ ಹಾಡನ್ನು ಮತ್ತೆ ಮೊದಲಿಂದ ತಿರುಗಿಸುತ್ತಿದ್ದಾರೆ. ಕೊನೆಗೆ ಹುಡುಗಿ ಬಲಗಾಲು ಒಳಗಿಟ್ಟಳು. ಆ ಕ್ಷಣಕ್ಕೆ ಕಾರ್ನೆಟ್ಟಿನಿಂದ ತಾನೇ ತಾನಾಗಿ ಒಂದು ಸಾಲು ಬಂತಂತೆ.

ಅಂದಿನಿಂದ ಅದು ಕಟ್ಟಳೆ. ಹಿಂದೂ ಮನೆಯಿರಲಿ, ಮುಸ್ಲಿಂ ಮನೆಯಿರಲಿ, ಕ್ರಿಶ್ಚಿಯನ್ ಮನೆಯಿರಲಿ, ಮದುಮಗಳ ಕಾಲು ಒಳಗೆ ಬೀಳುವ ತನಕ ನಮ್ಮ ಬ್ಯಾಂಡಿನಲ್ಲಿ ಯಾರ ಬಾಯಿಂದಲೂ ಕೊನೆಯ ಸಾಲು ಬರಬಾರದು. ಕೆ.ಆರ್. ಪುರದಲ್ಲಿ ಒಮ್ಮೆ ಅತ್ತೆ ಆರತಿ ತಟ್ಟೆ ಹಿಡಿದು ಬರದೆ ಮುನಿಸಿಕೊಂಡು ಕೂತರು. ಅವರನ್ನು ಒಲಿಸುವ ತನಕ ಹಾಡನ್ನು ಎತ್ತಿನ ಗಾಣದ ಹಾಗೆ ತಿರುಗಿಸಿ ತಿರುಗಿಸಿ ನನ್ನ ತುಟಿ ಊದಿಕೊಂಡಿತ್ತು.

ವರ್ಷಗಳು ಹೋದವು. ಉಸ್ತಾದರ ಮುಂದಿನ ಹಲ್ಲುಗಳು ಬಿದ್ದವು. ಹಲ್ಲಿಲ್ಲದೆ ಕಾರ್ನೆಟ್ ಆಗುವುದಿಲ್ಲ. ಅದನ್ನು ಗೋಡೆಗೆ ನೇತುಹಾಕಿ ಬ್ಯಾಂಡನ್ನು ನನಗೆ ಒಪ್ಪಿಸಿದರು. ಎರಡು ಸಾವಿರದ ಈಚೆಗೆ ಒಂದು ಚಳಿಗಾಲ, ನಮ್ಮ ಮೆರವಣಿಗೆಯೊಂದನ್ನು ನೋಡಿದ ಫ್ರಾನ್ಸಿನ ಕೆಲವರು ತಮ್ಮ ಊರಿನ ಬೀದಿ ಬ್ಯಾಂಡುಗಳ ಹಬ್ಬಕ್ಕೆ ನಮ್ಮನ್ನು ಕರೆದರು. ಎಲ್ಲರೂ ಕುಣಿದಾಡಿದರು. ಉಸ್ತಾದರು ಮಾತ್ರ ನನ್ನನ್ನು ಪಕ್ಕಕ್ಕೆ ಕರೆದರು.

"ನನ್ನ ಕಾಲು ಊದಿದೆ, ಡಾಕ್ಟ್ರು ಬೇಡ ಅಂದ್ರು. ನೀನು ಹೋಗ್ತೀಯಲ್ಲ, ಆ ವೊದ್ರೆಲ್ ಸಾಹೇಬ್ರು ಇದ್ರೆ ಹುಡುಕು. ಆ ಹಾಡಿನ ಕೊನೆ ಸಾಲು ಏನು ಅಂತ ಕೇಳ್ಕೊಂಡು ಬಾ ಬೇಟಾ."

"ನಮ್ದು ಇದೆಯಲ್ಲ ಉಸ್ತಾದ್."

"ಅದು ನಾನು ಅಂಟಿಸಿದ್ದು. ಬೇರೆಯವರ ಮಗುವಿಗೆ ನಾನು ಹೆಸರಿಟ್ಟ ಹಾಗಾಗಿದೆ. ಅವರದು ಬೇರೆ ಇದ್ರೆ ನಮ್ದು ನಿಲ್ಲಿಸಿಬಿಡೋಣ."

ನಾನು ಈ ಬ್ಯಾಂಡಿನಲ್ಲಿ ಕಲಿತ ಮೊದಲ ಸಾಲು ಅದು. ನನ್ನ ಹೆಂಡತಿ ನಮ್ಮ ಕೋಣೆಗೆ ಕಾಲಿಟ್ಟದ್ದೂ ಅದರ ಮೇಲೆಯೇ. ಆ ಮನುಷ್ಯ ಸಿಗದಿದ್ದರೆ ಸಾಕು ಎಂದು ಬೇಡಿಕೊಳ್ಳುತ್ತ ವಿಮಾನ ಹತ್ತಿದೆ.

ಪೆಟ್ಟಿಗೆಗಳು ಬೇರೆ ದೇಶಕ್ಕೆ

ಉಸ್ತಾದರ ಇನ್ನೊಂದು ಕಟ್ಟಳೆ, ಬ್ಯಾಂಡಿನ ಕೋಟು ಕೈ ಬಿಟ್ಟು ಹೋಗಬಾರದು. ಹಾಗಾಗಿ ಕೋಟುಗಳು ಕೈಚೀಲದಲ್ಲಿ, ಮಿಕ್ಕ ಬಟ್ಟೆ ಪೆಟ್ಟಿಗೆಯಲ್ಲಿ. ನಾವು ಫ್ರಾನ್ಸಿನಲ್ಲಿಳಿದೆವು, ಪೆಟ್ಟಿಗೆಗಳು ಬೇರಾವುದೋ ದೇಶದಲ್ಲಿಳಿದವು. ಇಡೀ ಪ್ರವಾಸ ಕೆಂಪು ಕೋಟು, ಹೆಗಲ ಮೇಲೆ ಬಂಗಾರದ ಜರಿ, ಎದೆಯ ಮೇಲೆ ಎರಡು ಸಾಲು ಹಿತ್ತಾಳೆ ಗುಂಡಿ. ಮಲಗುವಾಗ ಮಾತ್ರ ಬನಿಯನ್ನು.

ರೈಲು ನಿಲ್ದಾಣದಲ್ಲಿ ಒಬ್ಬ ಅಜ್ಜಿ ನೇರವಾಗಿ ನಮ್ಮ ಡ್ರಮ್ಮಿನ ಅಂತೋಣಿಯ ಹತ್ತಿರ ಬಂದು ತನ್ನ ಸೂಟ್‌ಕೇಸನ್ನು ಅವನ ಕೈಗಿಟ್ಟು ನಡೆದಳು. ಅವನು ಅದನ್ನು ಹೊತ್ತುಕೊಂಡು ಹಿಂದೆಯೇ ಹೋಗಿ, ರೈಲು ಹತ್ತಿಸಿ, ಒಂದು ಪೆಪ್ಪರ್‌ಮಿಂಟು ಬಾಯಲ್ಲಿಟ್ಟುಕೊಂಡು ಬಂದ.

"ಏನೋ ಮಗಾ, ಕೂಲಿ ಅನ್ಕೊಂಡ್ಳಾ?" ಎಂದೆ.

"ಇರ್ಲಿ ಬಿಡು ಗುರು, ನಮ್ಮಜ್ಜಿ ಹಾಗೇ ಇದ್ಲು. ಇಲ್ಲ ಅನ್ನಕ್ಕೆ ಫ್ರೆಂಚ್ ಬರ್ಬೇಕಲ್ಲ."

ಚಪ್ಪಾಳೆಯ ಊರು

ಹಬ್ಬ ನಡೆಯುವುದು ನದಿಯ ದಡದ ಒಂದು ಸಣ್ಣ ಊರಿನಲ್ಲಿ. ಊರು ಎಷ್ಟು ಚೊಕ್ಕಟವೆಂದರೆ ಎಲೆಯಡಿಕೆ ಹಾಕುವ ನಮ್ಮ ಟ್ರಂಪೆಟ್ಟಿನವರು ಎರಡು ದಿನ ಉಗುಳನ್ನು ನುಂಗಿಕೊಂಡೇ ಓಡಾಡಿದರು. ಅಲ್ಲಿಯವರು ಉದ್ದನೆಯ ಬ್ರೆಡ್ಡನ್ನು ಕಾಗದವನ್ನೂ ಸುತ್ತದೆ ಕಂಕುಳಲ್ಲಿ ಸಿಕ್ಕಿಸಿಕೊಂಡು ನಡೆಯುತ್ತಾರೆ, ದಾರಿಯಲ್ಲೇ ತುದಿ ಮುರಿದು ತಿನ್ನುತ್ತಾರೆ. ನಮ್ಮಮ್ಮ ನೋಡಿದ್ದರೆ ಕೈ ತೊಳೆದೆಯಾ ಎಂದು ಕೇಳುತ್ತಿದ್ದಳು.

ಮೊದಲ ದಿನ ನಾವು ಮೆರವಣಿಗೆ ಹೊರಟೆವು. ಜನ ರಸ್ತೆಯ ಎರಡೂ ಬದಿ ನಿಂತರು, ಸುಮ್ಮನೆ ಕೇಳಿದರು. ಒಬ್ಬರೂ ಕುಣಿಯಲಿಲ್ಲ, ಶಿಳ್ಳೆ ಹೊಡೆಯಲಿಲ್ಲ, ಮುಂದೆ ನಡೀರಯ್ಯಾ ಎಂದು ಬೈಯಲಿಲ್ಲ. ನಮ್ಮಲ್ಲಿ ಬ್ಯಾಂಡಿನ ಮರ್ಯಾದೆ ಅಳೆಯುವುದು ಕುಣಿಯುವವರ ಬೆವರಿನಿಂದ. ಕೆಟ್ಟೆವು, ಇವರಿಗೆ ಹಿಡಿಸಲಿಲ್ಲ ಎಂದುಕೊಂಡು ಜೋರಾಗಿ ಊದಿದೆವು. ಅವರು ಇನ್ನೂ ಗಂಭೀರವಾಗಿ ಕೇಳಿದರು. ನಿಲ್ಲಿಸಿದಾಗ ಬಂದ ಚಪ್ಪಾಳೆಗೆ ಏನು ಮಾಡಬೇಕೆಂದು ತಿಳಿಯದೆ ನಾವೂ ತಿರುಗಿ ಚಪ್ಪಾಳೆ ತಟ್ಟಿದೆವು. ಇಷ್ಟು ವರ್ಷ ಮದುವೆಗಳಲ್ಲಿ ಊದಿದ್ದೇನೆ, ನನಗಾಗಿ ಯಾರೂ ಕೈ ತಟ್ಟಿರಲಿಲ್ಲ. ನಾಚಿಕೆಯಾಯಿತು, ಆದರೆ ಖುಷಿಯೂ ಆಯಿತು.

ಊಟದ ಮಾತು. ಹಬ್ಬದ ಅಡುಗೆಮನೆಯಲ್ಲಿ ಅಮಲಾ ಅಕ್ಕ ಎಂಬ ಪುದುಚೇರಿಯ ಹೆಂಗಸಿದ್ದರು, ಮದುವೆಯಾಗಿ ಬಂದು ಅಲ್ಲೇ ನೆಲೆಸಿದವರು. ಹಲಸೂರಿನಲ್ಲಿ ಬೆಳೆದವನಿಗೆ ತಮಿಳು ಕಲಿಯುವ ಕೆಲಸವೇ ಇಲ್ಲ, ಅದು ಗಾಳಿಯಲ್ಲೇ ಬರುತ್ತದೆ. ಅಕ್ಕ ನಮಗಾಗಿ ರಸಂ ಮಾಡಿದರು. ಬಟ್ಟಲಿನಲ್ಲಿ ಕುಡಿದು ಅಂತೋಣಿ ಅತ್ತೇಬಿಟ್ಟ.

ಆರ್ಸೆನ್ ವೊದ್ರೆಲ್ ಹೆಸರನ್ನು ಅಕ್ಕನಿಗೆ ಹೇಳಿದೆ. ಅವರು ಹಬ್ಬದವರನ್ನೆಲ್ಲ ಕೇಳಿದರು. ಎಲ್ಲರೂ ಹೆಗಲು ಕುಣಿಸಿದರು. ಗೊತ್ತಿಲ್ಲ ಎನ್ನಲು ಅಲ್ಲಿ ಬಾಯಿ ಬೇಡ, ಹೆಗಲು ಸಾಕು. ನಮ್ಮೂರಲ್ಲಿ ಸಿನಿಮಾದ ಗುಂಪಿನಲ್ಲಿ ಒಮ್ಮೆ ಮುಖ ತೋರಿಸಿದವನೂ ಸಾಯುವ ತನಕ ಹೋಟೆಲಿನಲ್ಲಿ ಕಾಫಿ ಕುಡಿಸಿಕೊಳ್ಳುತ್ತಾನೆ. ಇಲ್ಲಿ ಒಬ್ಬ ನಟನನ್ನು, ಅದೂ ಹಾಡು ಕಟ್ಟಿದವನನ್ನು, ಅವನ ದೇಶದವರೇ ಅರಿಯರು. ನನಗೆ ಸಮಾಧಾನವಾಯಿತು. ಹುಡುಕಿದೆವು, ಸಿಗಲಿಲ್ಲ ಎಂದು ಉಸ್ತಾದರಿಗೆ ಹೇಳಬಹುದಲ್ಲ.

ಬ್ರೆಡ್ ಅಂಗಡಿ

ಅಕ್ಕ ಹಿಡಿದ ಕೆಲಸ ಬಿಡುವವರಲ್ಲ. ಮರುದಿನ ಬ್ರೆಡ್ ತರಲು ನನ್ನನ್ನೂ ಕರೆದುಕೊಂಡು ಹೋಗಿ ಅಂಗಡಿಯ ಹೆಂಗಸನ್ನು ಕೇಳಿದರು. ಆಕೆಗೂ ಹೆಸರು ಗೊತ್ತಿಲ್ಲ. ಆಗ ಅಕ್ಕ, "ತಂಬಿ, ಆ ಹಾಡು ಸ್ವಲ್ಪ ಹಾಡಿ ತೋರಿಸಪ್ಪ" ಎಂದರು. ಕೆಂಪು ಕೋಟು ತೊಟ್ಟು ಬ್ರೆಡ್ಡಿನ ಸಾಲಿನಲ್ಲಿ ನಿಂತು ಗುನುಗಿದೆ.

ಹಿಂದೆ ನಿಂತಿದ್ದ ಒಬ್ಬ ಮುದುಕಿ ತಟ್ಟನೆ ಕೈಯಲ್ಲಿದ್ದ ಚೀಲ ಕೆಳಗಿಟ್ಟು, ಅಂಗಡಿಯ ಬಾಗಿಲು ತೆಗೆದು, ಎದೆ ಉಬ್ಬಿಸಿ ತಲೆ ಬಾಗಿಸಿ ಪಕ್ಕಕ್ಕೆ ನಿಂತು ತೋರಿಸಿದಳು. ಅಕ್ಕ ನಕ್ಕು ನನಗೆ ತಮಿಳಿನಲ್ಲಿ ಹೇಳಿದರು: "ಹೆಸರು ಯಾರಿಗೆ ನೆನಪಿರುತ್ತೆ, ಬಾಗಿಲು ತೆಗೆಯೋನಲ್ವಾ ಅಂತಾಳೆ. ಎಲ್ಲಾ ಸಿನಿಮಾದಲ್ಲೂ ಬಾಗಿಲು ತೆಗೀತಿದ್ದನಂತೆ. ನದಿಯ ಆ ಕಡೆ, ಇವಳ ತಂಗಿ ಇರೋ ಕಟ್ಟಡದಲ್ಲೇ ಇದ್ದಾನಂತೆ."

ನನ್ನ ಸಮಾಧಾನ ಅಲ್ಲಿಗೆ ಮುಗಿಯಿತು.

ಮೂರನೇ ಮಹಡಿ

ಬಾಗಿಲು ತೆಗೆದವರು ಬೆಳ್ಳಗಿನ, ಎತ್ತರದ, ಸ್ವಲ್ಪ ಬಾಗಿದ ಮುದುಕರು. ನನ್ನ ಕೋಟನ್ನು ಮೇಲಿಂದ ಕೆಳಗೆ ನೋಡಿ ಏನೋ ಅಂದರು. ಅಕ್ಕ ನಗು ತಡೆಯಲಾರದೆ ಹೇಳಿದರು: "ನನ್ನ ಜಾಗಕ್ಕೆ ಬದಲಿ ಆಳು ಕಳಿಸಿದ್ರಾ ಅಂತ ಕೇಳ್ತಿದ್ದಾರೆ."

ಮನೆಯಲ್ಲಿ ಒಂದು ಪಿಯಾನೋ, ಎರಡು ಕುರ್ಚಿ, ಕಿಟಕಿಯಲ್ಲಿ ನದಿ. ಅವರು ಮಾತಾಡಿದರು, ಅಕ್ಕ ತಮಿಳು ಮಾಡಿದರು. ಹರೆಯದಲ್ಲಿ ಸಿನಿಮಾಕ್ಕೆ ಸಂಗೀತ ಕೊಡುತ್ತೇನೆಂದು ಪ್ಯಾರಿಸ್ಸಿಗೆ ಹೋದವರು. ಸಂಗೀತ ಕೇಳುವವರಿಲ್ಲ. ನಿನ್ನ ನಿಲುವು ಚೆನ್ನಾಗಿದೆ, ಕೋಟು ತೊಟ್ಟು ಆ ಬಾಗಿಲಲ್ಲಿ ನಿಲ್ಲು ಎಂದರಂತೆ. ಅಲ್ಲಿಂದ ಮುಂದೆ ಹೋಟೆಲಿನ ದರವಾನ, ಶ್ರೀಮಂತರ ಮನೆಯ ಆಳು, ನಾಟಕಶಾಲೆಯ ಗೇಟಿನವ, ಇವೇ ಪಾತ್ರಗಳು. ನಾಯಕ ನಾಯಕಿ ಒಳಗೆ ಹೋಗಬೇಕು, ಇವರು ಬಾಗಿಲು ಹಿಡಿಯಬೇಕು. ಮಾತು ಇರುತ್ತಿರಲಿಲ್ಲ. ಆದರೆ ಬಾಗಿಲು ಹಿಡಿದವನು ಗುನುಗಬೇಡ ಎಂದು ಯಾರೂ ಹೇಳಿರಲಿಲ್ಲ. ಹೀಗೆ ಪ್ರತಿ ಸಿನಿಮಾದಲ್ಲೂ ತಾವೇ ಕಟ್ಟಿದ ಒಂದೊಂದು ಹಾಡನ್ನು ಬಾಯೊಳಗೆ ಬಚ್ಚಿಟ್ಟುಕೊಂಡು ಒಳಗೆ ಸಾಗಿಸಿದರು. ಒಂದೆರಡು ಸಿನಿಮಾಗಳಿಗೆ ಪೂರ್ತಿ ಸಂಗೀತ ಕೊಡುವ ಅವಕಾಶವೂ ಬಂತು, ಅವು ಓಡಲಿಲ್ಲ.

ಇದನ್ನು ಹೇಳುವಾಗ ಅವರಿಗೆ ಬೇಸರವಿರಲಿಲ್ಲ. ಬೇಸರವಾದದ್ದು ನನಗೆ.

ನಿಮ್ಮ ಒಂದು ಹಾಡು ನಮ್ಮ ಬ್ಯಾಂಡಿನಲ್ಲಿದೆ ಎಂದೆ, ನುಡಿಸು ಎಂದರು. ಜೊತೆಗೆ ತಂದಿದ್ದ ಕ್ಲಾರಿನೆಟ್ ತೆಗೆದು ಕುರ್ಚಿಯ ತುದಿಯಲ್ಲಿ ಕೂತು ನುಡಿಸಿದೆ. ಅಭ್ಯಾಸಬಲ, ಕೊನೆಯ ಸಾಲಿನ ಮುಂದೆ ಬಂದು ನಿಂತುಬಿಟ್ಟೆ. ಅವರು ತಲೆದೂಗಿ, ಹೌದು, ಅಲ್ಲಿಗೇ ಕತ್ತರಿಸಿದರು ಎಂದರು. ದರವಾನನ ಹಾಡು ಇಷ್ಟುದ್ದ ಬೇಡ ಎಂದು ನಿರ್ದೇಶಕ ಕೊನೆಯ ಸಾಲನ್ನು ತೆಗೆಸಿದ್ದನಂತೆ. ಅಂದರೆ ಕರೆಂಟ್ ಹೋಗದಿದ್ದರೂ ಉಸ್ತಾದರಿಗೆ ಆ ಸಾಲು ಕೇಳುತ್ತಿರಲಿಲ್ಲ! ನನಗೆ ಎದ್ದು ಕುಣಿಯುವಷ್ಟು ಸಂತೋಷವಾಯಿತು. ಬೇರೆ ಸಾಲೇ ಇಲ್ಲ, ನಮ್ಮದು ಉಳಿಯಿತು.

ಅಷ್ಟರಲ್ಲಿ ಅವರು ಪಿಯಾನೋದ ಮುಚ್ಚಳ ತೆಗೆದರು. ಕತ್ತರಿ ಬಿದ್ದದ್ದು ಸಿನಿಮಾಕ್ಕೆ, ನನ್ನ ತಲೆಗಲ್ಲ ಎಂದು ಆ ಸಾಲು ನುಡಿಸಿದರು. ಮೆಟ್ಟಿಲು ಇಳಿಯುವವರ ಹಾಗೆ ಮೆಲ್ಲಗೆ ಇಳಿಯುವ ಸಾಲು. ಕೊನೆಯ ಮೆಟ್ಟಿಲಲ್ಲಿ ಒಮ್ಮೆ ನಿಲ್ಲುತ್ತದೆ, ಹಿಂದಿರುಗಿ ನೋಡುತ್ತದೆ, ಆಮೇಲೆ ಹೋಗಿಬಿಡುತ್ತದೆ. ಬಹಳ ಚೆನ್ನಾಗಿತ್ತು. ಚೆನ್ನಾಗಿಲ್ಲದಿದ್ದರೆ ಒಳ್ಳೆಯದಿತ್ತು. ನನಗೆ ಹೊಟ್ಟೆಕಿಚ್ಚಾಯಿತು. ಹೋಯಿತು ನಮ್ಮ ಸಾಲು ಎಂದುಕೊಂಡೆ. ಉಸ್ತಾದರ ಮಾತು ಉಸ್ತಾದರ ಮಾತೇ.

ಬಂದ ಕಾರಣವನ್ನೆಲ್ಲ ಆಗ ಹೇಳಿದೆ: ಕರೆಂಟ್ ಹೋದದ್ದು, ಫ್ರೇಜರ್ ಟೌನಿನ ಮದುವೆ, ಹೊಸ್ತಿಲು, ಬಲಗಾಲು. ಅವರು ಕಣ್ಣು ಮಿಟುಕಿಸದೆ ಕೇಳಿ, ನಿಮ್ಮ ಉಸ್ತಾದರ ಸಾಲು ನುಡಿಸು ಎಂದರು.

"ಅಕ್ಕ, ಸುಮ್ನೆ ನುಡಿಸೋಕೆ ಆಗಲ್ಲ. ಯಾರಾದ್ರೂ ಒಳಗೆ ಬರ್ಬೇಕು," ಎಂದೆ. ಹಟವಲ್ಲ. ನಿಜವಾಗಿಯೂ ಬೆರಳು ಏಳುತ್ತಿರಲಿಲ್ಲ.

ಅಕ್ಕ ತಾವೇ ಹೊರಗೆ ಹೋಗಿ ಬರುತ್ತೇನೆಂದು ಎದ್ದರು. ಮುದುಕರು ಕೈ ಎತ್ತಿ ತಡೆದರು. ಕನ್ನಡಿಯಲ್ಲಿ ಕೂದಲು ತೀಡಿಕೊಂಡು, ಸ್ವೆಟರಿನ ಗುಂಡಿ ಹಾಕಿಕೊಂಡು, ಹೊರಗೆ ಹೋಗಿ ಬಾಗಿಲು ಮುಚ್ಚಿಕೊಂಡರು.

ನಾನು ಎದ್ದು ನಿಂತು ಹಾಡು ಎತ್ತಿದೆ. ಬಾಗಿಲು ತೆರೆಯಿತು. ಅವರು ಎದೆ ಉಬ್ಬಿಸಿ, ತಲೆ ಬಾಗಿಸಿ, ಬಾಗಿಲು ಹಿಡಿದು ಪಕ್ಕಕ್ಕೆ ಸರಿದು ನಿಂತರು. ಒಳಗೆ ಬರಲಿಲ್ಲ. ಜೀವಮಾನದ ಅಭ್ಯಾಸ, ಬೇರೆ ಯಾರೋ ಬರುತ್ತಾರೆಂದು ಕಾಯುತ್ತಿದ್ದರು. ನಾನು ಹಾಡನ್ನು ಮತ್ತೆ ತಿರುಗಿಸಿದೆ. ಕಾದರು. ಮತ್ತೂ ತಿರುಗಿಸಿದೆ. ಕೊನೆಗೆ ಅಕ್ಕನಿಗೆ ಅರ್ಥವಾಗಿ, ಫ್ರೆಂಚಿನಲ್ಲಿ ಮೆಲ್ಲಗೆ ಏನೋ ಹೇಳಿದರು. ನೀವೇ ಬರಬೇಕಾದವರು ಎಂದಿರಬೇಕು. ಅವರು ತಿರುಗಿ ಹಿಂದೆ ನೋಡಿದರು. ಅಲ್ಲಿ ಬರೀ ಮೆಟ್ಟಿಲುಗಳು. ಆಮೇಲೆ ಬಾಗಿಲಿನ ಹಿಡಿಯನ್ನು ಬಿಟ್ಟು, ಬಲಗಾಲನ್ನೆತ್ತಿ ಒಳಗಿಟ್ಟರು.

ನಾನು ಕೊನೆಯ ಸಾಲು ನುಡಿಸಿದೆ. ಎಂಥೆಂಥ ಮದುವೆಗಳಲ್ಲಿ ನುಡಿಸಿದ್ದೇನೆ, ಅಷ್ಟು ಮನಸ್ಸಿಟ್ಟು ಎಂದೂ ನುಡಿಸಿರಲಿಲ್ಲ. ಅವರು ತಮ್ಮ ಮನೆಯ ನಡುವೆ ನಿಂತು ಅದೇ ಮೊದಲ ಸಲ ಬಂದವರ ಹಾಗೆ ಸುತ್ತ ನೋಡುತ್ತಿದ್ದರು. ಕಣ್ಣು ಒದ್ದೆಯಾಗಿತ್ತು.

ಯಾವ ಸಾಲು ಸರಿ ಎಂದು ಅವರು ಹೇಳಲಿಲ್ಲ. ಹೊರಡುವಾಗ ಹೇಳಿದ್ದು ಒಂದೇ ಮಾತು, ಅಕ್ಕ ಅದನ್ನು ಎರಡು ಸಲ ತಮಿಳು ಮಾಡಿದರು: "ನಾನು ಒಳಗೆ ಬಂದೆ ಅಂತ ನಿಮ್ಮ ಉಸ್ತಾದರಿಗೆ ಹೇಳು." ಬೇಡವೆಂದರೂ ಕೆಳಗಿನ ತನಕ ಇಳಿದು ಬಂದು, ಬೀದಿಯ ಬಾಗಿಲನ್ನು ನಮಗಾಗಿ ಹಿಡಿದು ನಿಂತರು. ನಾವು ದಾಟುವಾಗ ತಮ್ಮ ಆ ಮೆಟ್ಟಿಲಿಳಿಯುವ ಸಾಲನ್ನು ಬಾಯೊಳಗೇ ಗುನುಗುತ್ತಿದ್ದರು.

ಮತ್ತೆ ಗಲ್ಲಿಗೆ

ಶಿವಾಜಿನಗರದಲ್ಲಿ ಇಳಿದ ಕೂಡಲೇ ಕುರಿ ಮಾಂಸ, ಮಲ್ಲಿಗೆ, ಡೀಸೆಲ್ ಹೊಗೆ ಎಲ್ಲ ಒಟ್ಟಿಗೆ ಮೂಗಿಗೆ ಬಡಿಯಿತು. ಬಸ್ಸಿನವನೊಬ್ಬ ನನ್ನ ಕೋಟು ನೋಡಿ, "ಏ ಬ್ಯಾಂಡು, ಸೈಡಿಗೆ ಹೋಗೋ!" ಎಂದು ಬೈದ. ಜೀವಕ್ಕೆ ಹಾಯೆನಿಸಿತು.

ಉಸ್ತಾದರಿಗೆ ಎಲ್ಲ ಹೇಳಿದೆ, ವೊದ್ರೆಲ್ ಸಾಹೇಬರ ಸಾಲನ್ನು ನುಡಿಸಿ ತೋರಿಸಿದೆ. ಅವರು ಕಣ್ಣು ಮುಚ್ಚಿ ಕೂತಿದ್ದರು. ನಸ್ರೀನ್ ಒಳಗಿಂದ ಬಂದು ಬಾಗಿಲಿಗೊರಗಿ ಕೇಳುತ್ತಿದ್ದಳು.

"ಯಾವ ಕಾಲು ಇಟ್ಟು ಬಂದ್ರು?"

"ಬಲಗಾಲೇ ಉಸ್ತಾದ್."

"ನಮ್ದೂ ಇರ್ಲಿ," ಎಂದರು. "ಅವರು ಅದನ್ನ ಹೋಗೋಳಿಗೆ ಕಟ್ಟಿದ್ದು ಕಣೋ. ಸಿನಿಮಾದಲ್ಲಿ ಆ ಯಮ್ಮ ಹೊರಟಿದ್ಲಲ್ಲ. ನಾನು ಬರೋಳಿಗೆ ನುಡಿಸ್ದೆ. ತವರಿಂದ ಹುಡುಗಿ ಹೊರಡೋವಾಗ ನಾವು ಕೈ ಕಟ್ಕೊಂಡು ನಿಂತಿರ್ತೀವಲ್ಲ, ಇನ್ಮೇಲೆ ಅಲ್ಲಿ ಅವರ ಸಾಲು ನುಡಿಸಿ."

ಆ ಸಾಲನ್ನು ನಾವು ಮೊದಲು ನುಡಿಸಿದ್ದು ನಸ್ರೀನಳಿಗೇ. ಹುಡುಗ ಬಾಣಸವಾಡಿಯವನು, ಒಳ್ಳೆಯ ಮನೆ. ಮಧ್ಯಾಹ್ನ ಅವಳು ಅಪ್ಪನ ಹೆಗಲಿನಿಂದ ತಲೆ ಎತ್ತಿ ಕಾರು ಹತ್ತುವಾಗ ವೊದ್ರೆಲ್ ಸಾಹೇಬರ ಸಾಲು ಇಳಿಯಿತು. ಹಿಂದಿರುಗಿ ನೋಡುವ ಆ ಜಾಗದಲ್ಲಿ ಅವಳೂ ಹಿಂದಿರುಗಿ ನೋಡಿದಳು. ಉಸ್ತಾದರು ನೆಟ್ಟಗೆ ನಿಂತಿದ್ದರು, ಅಳಲಿಲ್ಲ. ನಾವು ಕಾರಿನ ಹಿಂದೆ ವ್ಯಾನಿನಲ್ಲಿ ಹೋಗಿ, ಬಾಣಸವಾಡಿಯ ಹೊಸ್ತಿಲಲ್ಲಿ ಅವಳ ಬಲಗಾಲಿಗೆ ಉಸ್ತಾದರ ಸಾಲು ನುಡಿಸಿ ಬಂದೆವು.

ಡ್ರಮ್ಮು ಇಡಲು ಗಲ್ಲಿಗೆ ವಾಪಸಾದಾಗ ಸಂಜೆಯಾಗಿತ್ತು. ಉಸ್ತಾದರು ಮನೆಯ ಮುಂದೆ ರಸ್ತೆಯಲ್ಲೇ ನಿಂತಿದ್ದರು. ಬಾಗಿಲು ತೆರೆದಿತ್ತು, ಒಳಗೆ ದೀಪ ಹಚ್ಚುವವರಿರಲಿಲ್ಲ. ನೆಂಟರೆಲ್ಲ ಹೋಗಿಯಾಗಿತ್ತು.

"ಆಗ್ಲಿಂದ ಹೀಗೇ ನಿಂತಿದ್ದಾರೆ," ಎಂದು ಪಕ್ಕದಂಗಡಿಯವರು ಮೆಲ್ಲಗೆ ಹೇಳಿದರು. "ಒಳಗೆ ಹೋಗಿ ಅಂದ್ರೆ, ಹೋಗ್ತೀನಿ ಹೋಗ್ತೀನಿ ಅಂತಾರೆ."

ನಾನು ಕ್ಲಾರಿನೆಟ್ ಪೆಟ್ಟಿಗೆ ತೆಗೆದು, ಉಸ್ತಾದರ ಪಕ್ಕದಲ್ಲಿ ನಿಂತು, ಹಾಡನ್ನು ಮೊದಲಿಂದ ಎತ್ತಿದೆ. ಅಂತೋಣಿ ಡ್ರಮ್ಮಿನ ಮೇಲೆ ಬೆರಳಿನಲ್ಲೇ ತಾಳ ಹಿಡಿದ. ಕೊನೆಯ ಸಾಲಿನ ಮುಂದೆ ಬಂದು ಮತ್ತೆ ಮೊದಲಿಗೆ ತಿರುಗಿದೆ. ಉಸ್ತಾದರು ಹೊಸ್ತಿಲನ್ನೇ ನೋಡುತ್ತಿದ್ದರು. ಮತ್ತೆ ತಿರುಗಿದೆ. ಎಷ್ಟು ಸಲವಾದರೂ ತಿರುಗಿಸಲು ನಾನು ತಯಾರಿದ್ದೆ.

ಉಸ್ತಾದರು ಚಪ್ಪಲಿ ಬಿಟ್ಟು, ಊದಿದ ಬಲಗಾಲನ್ನು ಎತ್ತಿ ಒಳಗಿಟ್ಟರು. ನಾನು ಅವರದೇ ಸಾಲು ನುಡಿಸಿದೆ.